ಯಾರ ಬದುಕನ್ನು ಬರೆದಿಡಬೇಕು?

ಊರಿನ ಚರಿತ್ರೆ ಬರೆಯಲು ಹೊರಟವರು ಮೊದಲು ಯಾರ ಮನೆಗೆ ಹೋಗುತ್ತಾರೆ? ಬೀಡಿನ ಮನೆಗೆ, ದೇವಸ್ಥಾನದ ಮೊಕ್ತೇಸರರ ಮನೆಗೆ, ಶಾಲೆಗೆ ಜಾಗ ಕೊಟ್ಟವರ ಮನೆಗೆ, ನಿವೃತ್ತ ಮಾಸ್ತರರ ಮನೆಗೆ. ಅದರಲ್ಲಿ ತಪ್ಪೇನೂ ಇಲ್ಲ. ಕಾಗದಪತ್ರ ಇರುವುದು ಅಲ್ಲಿ, ಚೌಕಟ್ಟು ಹಾಕಿದ ಫೋಟೋ ಇರುವುದೂ ಅಲ್ಲಿ. ಅದೇ ಊರಿನಲ್ಲಿ ನಲವತ್ತು ವರ್ಷ ಬೀಡಿ ಕಟ್ಟಿದ ಹೆಂಗಸಿನ ಮನೆಗೆ ಮಾತ್ರ ಯಾರೂ ಹೋಗುವುದಿಲ್ಲ. ಹೋದರೆ ಅವರೇ ಕೇಳಿಯಾರು: "ನನ್ನದು ಬರೆಯಲಿಕ್ಕೆ ಏನುಂಟು ಮಾರಾಯ್ರೆ?"

ಈ ಮಾತನ್ನು ನಾವು ವಿನಯ ಅಂತ ತಿಳಿದು ನಕ್ಕು ಬಿಡುತ್ತೇವೆ. ಆದರೆ ಅದರೊಳಗೆ ಒಂದು ದೊಡ್ಡ ಪ್ರಶ್ನೆ ಉಂಟು. ಯಾರ ಬದುಕು ಬರೆದಿಡಲು ಯೋಗ್ಯ? ಅದನ್ನು ತೀರ್ಮಾನಿಸುವವರು ಯಾರು? ಊರು ಒಪ್ಪದ ಹಾಗೆ ಒಬ್ಬರು ಬಾಳಿದ್ದರೆ ಅವರ ಬದುಕನ್ನು ಏನು ಮಾಡಬೇಕು, ಬರೆಯಬೇಕೋ, ಮುಚ್ಚಿಡಬೇಕೋ? ಬರೆಯುವುದಾದರೆ ಬರೆಯುವ ಹಕ್ಕು ಯಾರದು?

ಇದನ್ನು ಯೋಚಿಸಲು ನಾನು ಬಹಳ ದೂರದ ಒಂದು ಉದಾಹರಣೆಯನ್ನು ತೆಗೆದುಕೊಳ್ಳುತ್ತೇನೆ. ದೂರದ್ದು ಯಾಕೆಂದರೆ, ಹತ್ತಿರದ್ದು ತೆಗೆದುಕೊಂಡರೆ ಓದುವವರು ಮೊದಲು "ಇದು ಯಾರ ಮನೆಯ ಸಂಗತಿ" ಎಂದು ಹುಡುಕಲು ಹೊರಡುತ್ತಾರೆ. ಪ್ರಶ್ನೆ ಅಲ್ಲಿಗೇ ಸತ್ತುಹೋಗುತ್ತದೆ.

ಅಮೆರಿಕದ ನ್ಯೂಯಾರ್ಕ್ ನಗರದಲ್ಲಿ ಮೇಬಲ್ ಹ್ಯಾಂಪ್ಟನ್ ಎಂಬ ಹೆಂಗಸು ಇದ್ದರು. ಹುಟ್ಟಿದ್ದು 1902ರಲ್ಲಿ, ಆ ದೇಶದ ದಕ್ಷಿಣಕ್ಕಿರುವ ನಾರ್ತ್ ಕೆರೊಲಿನಾ ರಾಜ್ಯದ ವಿನ್‌ಸ್ಟನ್-ಸೇಲಂ ಎಂಬ ಪೇಟೆಯಲ್ಲಿ. ಕಪ್ಪು ಜನಾಂಗದವರು. ತಾಯಿ ಶಿಶುವಾಗಿದ್ದಾಗಲೇ ತೀರಿಕೊಂಡರು. ಸಾಕಿದ್ದು ಅಜ್ಜಿ. ಏಳನೇ ವಯಸ್ಸಿಗೆ ಅಜ್ಜಿಯೂ ಹೋದ ಮೇಲೆ ನ್ಯೂಯಾರ್ಕಿನ ಸಂಬಂಧಿಕರ ಮನೆಗೆ ಕಳಿಸಿದರು. ಆ ಮನೆಯಲ್ಲಿ ಆದ ಹಿಂಸೆ ತಾಳಲಾರದೆ ಆ ಮಗು ಓಡಿಹೋಯಿತು. ನದಿಯಾಚೆಯ ಜರ್ಸಿ ಸಿಟಿಯಲ್ಲಿ ರಕ್ತಸಂಬಂಧವೇ ಇಲ್ಲದ ಒಂದು ಕುಟುಂಬ ಅವರನ್ನು ಸಾಕಿತು. ಯೌವನದಲ್ಲಿ ಕುಣಿತದ ತಂಡಗಳಲ್ಲಿ ಕೆಲಸ ಮಾಡಿದರು. ಕಪ್ಪು ಜನರ ಹಾಡು, ಕುಣಿತ, ಸಾಹಿತ್ಯ ಎಲ್ಲಾ ಒಮ್ಮೆಲೇ ಅರಳಿದ 1920ರ ದಶಕದ ಹಾರ್ಲೆಮ್ ಅದು. ಅಲ್ಲಿನ ಹೆಸರಾಂತ ಲಾಫಾಯೆಟ್ ಥಿಯೇಟರಿನಲ್ಲಿ ಅವರು ಕುಣಿದವರು. ಆಮೇಲೆ ರಂಗ ಬಿಟ್ಟು ಬಿಳಿಯರ ಮನೆಗಳಲ್ಲಿ ನೆಲ ಒರೆಸುವ, ಬಟ್ಟೆ ಒಗೆಯುವ ಕೆಲಸಕ್ಕೆ ಸೇರಿದರು. ಯಾಕೆ ಬಿಟ್ಟಿರಿ ಎಂದು ಕೇಳಿದವರಿಗೆ, ಹೊಟ್ಟೆಗೆ ಬೇಕಲ್ಲ ಎಂಬರ್ಥದ ಉತ್ತರ ಕೊಟ್ಟರಂತೆ. ನಮ್ಮಲ್ಲಿ ಮಳೆಗಾಲದಲ್ಲಿ ಮೇಳ ನಿಂತ ಮೇಲೆ ಕೂಲಿಗೆ ಹೋಗುತ್ತಿದ್ದ ಕಲಾವಿದರನ್ನು ನೋಡಿದವರಿಗೆ ಈ ಉತ್ತರವನ್ನು ಬಿಡಿಸಿ ಹೇಳಬೇಕಾಗಿಲ್ಲ.

ಮೇಬಲ್ ಹ್ಯಾಂಪ್ಟನ್ ಹೆಣ್ಣನ್ನು ಪ್ರೀತಿಸಿದ ಹೆಣ್ಣು. ಇಂಗ್ಲಿಷಿನಲ್ಲಿ ಲೆಸ್ಬಿಯನ್ ಅನ್ನುತ್ತಾರೆ. 1932ರಲ್ಲಿ ಅವರಿಗೆ ಲಿಲಿಯನ್ ಫಾಸ್ಟರ್ ಎಂಬವರ ಪರಿಚಯವಾಯಿತು. ಬಸ್ಸಿಗೆ ಕಾಯುತ್ತಾ ನಿಂತಲ್ಲಿ ಆದ ಪರಿಚಯ. ಅಲ್ಲಿಂದ 1978ರಲ್ಲಿ ಲಿಲಿಯನ್ ತೀರಿಕೊಳ್ಳುವ ತನಕ, 46 ವರ್ಷ, ಇಬ್ಬರೂ ಜೊತೆಯಾಗಿ ಬಾಳಿದರು. ಇಬ್ಬರೂ ದುಡಿದು ತಿನ್ನುವ ಬಡವರು. ಯಾವ ಸಭೆಯಲ್ಲಿಯೂ ಅಧ್ಯಕ್ಷರಾದವರಲ್ಲ, ಯಾವ ಕಲ್ಲಿನ ಮೇಲೂ ಅವರ ಹೆಸರು ಕೆತ್ತಿಸಿದ್ದಿಲ್ಲ.

ಆದರೆ ಮೇಬಲ್ ಒಂದು ಕೆಲಸ ಮಾಡಿದರು. ಇಟ್ಟುಕೊಂಡರು. ಪತ್ರಗಳು, ಶುಭಾಶಯದ ಕಾರ್ಡುಗಳು, ಫೋಟೋಗಳು, ನೋಡಿದ ನಾಟಕ-ಸಂಗೀತಗಳ ಕರಪತ್ರಗಳು, ರಸ್ತೆಬದಿಯಲ್ಲಿ ಮಾರುವ ಅಗ್ಗದ ಕಾದಂಬರಿಗಳು. ಆ ಕಾದಂಬರಿಗಳ ಮುಖಪುಟ ನೋಡಿದರೆ ಮಾನವಂತರು ಮುಖ ತಿರುಗಿಸುವ ಹಾಗೆ ಇತ್ತು. ಆದರೂ ಹೆಣ್ಣನ್ನು ಪ್ರೀತಿಸುವ ಹೆಣ್ಣು ಅಂತ ಒಬ್ಬಳು ಲೋಕದಲ್ಲಿ ಉಂಟು ಎಂದು ಅಚ್ಚಿನಲ್ಲಿ ಹೇಳುತ್ತಿದ್ದದ್ದು ಆ ಕಾಲದಲ್ಲಿ ಹೆಚ್ಚಾಗಿ ಅವು ಮಾತ್ರ. ಮೇಬಲ್ ಅವುಗಳನ್ನು ಕೊಂಡು, ಓದಿ, ಜೋಪಾನ ಮಾಡಿದರು.

ಇಟ್ಟುಕೊಳ್ಳುವುದು ಏನು ಮಹಾ ಕೆಲಸ ಎಂದು ಕೇಳಬಹುದು. ಅವರ ಕುರಿತು ಬೇರೆ ಯಾರು ಏನು ಇಟ್ಟಿದ್ದರು ಎಂದು ನೋಡಿದರೆ ಉತ್ತರ ಸಿಗುತ್ತದೆ. ಯೌವನದಲ್ಲಿ ಅವರನ್ನು ವೇಶ್ಯಾವೃತ್ತಿಯ ಆರೋಪ ಹೊರಿಸಿ ಪೊಲೀಸರು ಹಿಡಿದರು. ಅದು ಸುಳ್ಳು ಆರೋಪ ಎಂದು ಅವರು ಕೊನೆಯವರೆಗೂ ಹೇಳಿದರು. ಬೆಡ್‌ಫರ್ಡ್ ಹಿಲ್ಸ್ ಎಂಬಲ್ಲಿದ್ದ ಹೆಂಗಸರ ಸುಧಾರಣಾಲಯದಲ್ಲಿ ಒಂದು ವರ್ಷಕ್ಕೂ ಮೇಲೆ ಕೂಡಿಹಾಕಿದರು. ಸರ್ಕಾರದ ಕಡತದಲ್ಲಿ ಈ ಸಂಗತಿ ಭದ್ರವಾಗಿ ಕೂತಿತು. ಸರ್ಕಾರ ತನ್ನ ಕಾಗದವನ್ನು ಯಾವತ್ತೂ ಚೆನ್ನಾಗಿ ಕಟ್ಟಿ ಇಡುತ್ತದೆ. ಈಗ ಯೋಚಿಸಿ: ಮೇಬಲ್ ತಮ್ಮ ಪೆಟ್ಟಿಗೆಯನ್ನು ಇಟ್ಟುಕೊಳ್ಳದೆ ಇದ್ದಿದ್ದರೆ, ನೂರು ವರ್ಷದ ಮೇಲೆ ಅವರ ಬಗ್ಗೆ ಉಳಿಯುತ್ತಿದ್ದ ಕಾಗದ ಯಾವುದು? ಜೈಲಿನದ್ದು ಒಂದೇ. ಚರಿತ್ರೆ ಬರೆಯುವವನು ಪ್ರಾಮಾಣಿಕನೇ ಆಗಿದ್ದರೂ ಅವನ ಕೈಗೆ ಸಿಗುತ್ತಿದ್ದದ್ದು "ಇಂಥವಳನ್ನು ಇಂಥ ಅಪರಾಧಕ್ಕೆ ಹಿಡಿಯಲಾಯಿತು" ಎಂಬ ಒಂದು ಸಾಲು.

ನಮ್ಮ ತಾಳಮದ್ದಳೆಯನ್ನು ನೆನೆಸಿಕೊಳ್ಳಿ. ಕೃಷ್ಣನಿಗೆ ಒಬ್ಬ ಅರ್ಥಧಾರಿ ಇದ್ದ ಹಾಗೆ ಕೌರವನಿಗೂ ಒಬ್ಬ ಇರುತ್ತಾನೆ. ವಾಲಿ ಸಾಯುವ ಮೊದಲು ರಾಮನನ್ನು ನಿಲ್ಲಿಸಿ ಕೇಳುತ್ತಾನೆ, ಸಭೆ ಉಸಿರು ಹಿಡಿದು ಕೇಳುತ್ತದೆ. ವಾಲಿಯ ಅರ್ಥಧಾರಿ ಅಂದು ಬಾರದಿದ್ದರೆ? ರಾಮನ ಪಾತ್ರದವರು ಎಷ್ಟು ಚೆನ್ನಾಗಿ ಮಾತಾಡಿದರೂ ಅದು ಪ್ರಸಂಗ ಆಗುವುದಿಲ್ಲ, ಬರೀ ಭಾಷಣ ಆಗುತ್ತದೆ. ಚರಿತ್ರೆಯಲ್ಲಿ ಹೆಚ್ಚಿನ ಜನರ ಅರ್ಥಧಾರಿ ಬಾರದೆಯೇ ಪ್ರಸಂಗ ಮುಗಿದಿರುತ್ತದೆ. ಎದುರು ಪಕ್ಷದವರು ಹೇಳಿದ್ದೇ ತೀರ್ಪು. ಮೇಬಲ್ ಹ್ಯಾಂಪ್ಟನ್ ತಮ್ಮ ಅರ್ಥವನ್ನು ತಾವೇ ಹೇಳಲು ಬೇಕಾದ ಸಾಮಗ್ರಿಯನ್ನು, ಯಾವ ಸಭೆ ಕರೆಯುತ್ತದೆ ಎಂದು ಗೊತ್ತಿಲ್ಲದೆ, ಕೂಡಿಟ್ಟುಕೊಂಡು ಕೂತರು.

ಸಭೆ ಕರೆದವರು ಜೋನ್ ನೆಸಲ್ ಎಂಬವರು. ಅವರ ತಾಯಿಯ ಮನೆಯಲ್ಲಿಯೂ ಮೇಬಲ್ ಮನೆಗೆಲಸ ಮಾಡಿದ್ದರು. ಆ ಮನೆಯ ಮಗಳು ಬೆಳೆದು ಮಾಸ್ತರಿಕೆಗೆ ಸೇರಿದರು. ಅವರೂ ಹೆಣ್ಣನ್ನು ಪ್ರೀತಿಸುವವರೇ. 1974ರಲ್ಲಿ ನೆಸಲ್, ಡೆಬೋರಾ ಎಡೆಲ್ ಮತ್ತು ಕೆಲವು ಗೆಳತಿಯರು ಸೇರಿ "ಲೆಸ್ಬಿಯನ್ ಹರ್‌ಸ್ಟರಿ ಆರ್ಕೈವ್ಸ್" ಎಂಬ ಸಂಗ್ರಹಾಲಯವನ್ನು ಶುರುಮಾಡಿದರು. ಹಿಸ್ಟರಿ ಎಂಬ ಇಂಗ್ಲಿಷ್ ಪದದ ಮೊದಲರ್ಧ "ಅವನ" ಎಂದು ಕೇಳುತ್ತದೆ ಅಂತ ಹೇಳಿ, ಅದನ್ನು "ಅವಳ" ಎಂದು ತಿರುಗಿಸಿ ಇಟ್ಟ ಹೆಸರು ಅದು. ದೊಡ್ಡ ಕಟ್ಟಡ ಏನೂ ಇರಲಿಲ್ಲ. ನೆಸಲ್ ಅವರ ಬಾಡಿಗೆ ಮನೆಯಲ್ಲೇ, ಮ್ಯಾನ್‌ಹಟನ್ನಿನ ಒಂದು ಮಹಡಿಯಲ್ಲಿ, ಕಪಾಟು ಕಪಾಟಾಗಿ ಅದು ಬೆಳೆಯಿತು. ಮೇಬಲ್ ತಮ್ಮ ಕಾದಂಬರಿಗಳನ್ನೂ ಕಾಗದಗಳನ್ನೂ ಅಲ್ಲಿಗೆ ಕೊಟ್ಟರು.

ಈ ಸಂಗ್ರಹಾಲಯದವರು ಹಾಕಿಕೊಂಡ ನಿಯಮಗಳನ್ನು ವಾಚನಾಲಯ ನಡೆಸುವವರು ಕೇಳಲೇಬೇಕು. ಓದಲು ಬರುವವರು ಯಾವ ಡಿಗ್ರಿಯ ಸರ್ಟಿಫಿಕೇಟನ್ನೂ ತೋರಿಸಬೇಕಾಗಿಲ್ಲ. ಸಂಗ್ರಹ ಯಾವುದೇ ವಿಶ್ವವಿದ್ಯಾಲಯಕ್ಕೆ ಸೇರಬಾರದು, ಆ ಜನರ ನಡುವೆಯೇ ಇರಬೇಕು. ಯಾವತ್ತೂ ಮಾರಬಾರದು. ಸರ್ಕಾರದ ಹಣ ಬೇಡ, ತಮ್ಮವರು ಕೊಟ್ಟ ಸಣ್ಣ ಸಣ್ಣ ಮೊತ್ತದಲ್ಲಿ ನಡೆಯಬೇಕು. ಕಾಗದ ಕಾಯುವ ವಿದ್ಯೆಯನ್ನು ಹಳಬರು ಹೊಸಬರಿಗೆ ಕಲಿಸಿ ಕೊಡಬೇಕು. ಇನ್ನೂ ಒಂದು ವಿಶೇಷ: ಪುಸ್ತಕಗಳನ್ನು ಲೇಖಕಿಯರ ಮನೆತನದ ಹೆಸರಿನಿಂದ ಜೋಡಿಸದೆ ಅವರವರ ಸ್ವಂತ ಹೆಸರಿನ ಅಕ್ಷರದಿಂದ ಜೋಡಿಸಿದರು, ಮನೆತನದ ಹೆಸರು ತಂದೆಯದೋ ಗಂಡನದೋ ಆಗಿರುತ್ತದೆ ಎಂಬ ಕಾರಣಕ್ಕೆ. ಹೀಗೆ ಊರವರ ಚಂದಾದಲ್ಲೇ ಕೂಡಿ ಕೂಡಿ ಬ್ರೂಕ್ಲಿನ್ನಿನಲ್ಲಿ ಮೂರು ಅಂತಸ್ತಿನ ಸ್ವಂತ ಮನೆ ಕೊಂಡು, 1993ರಲ್ಲಿ ಅಲ್ಲಿಗೆ ಹೋದರು. ಇಂದಿಗೂ ಅಲ್ಲಿಯೇ ಉಂಟು.

ಕಾಗದ ಕೊಟ್ಟದ್ದು ಒಂದು. ಮೇಬಲ್ ಇನ್ನೂ ಎರಡು ಕೊಟ್ಟರು, ಧ್ವನಿ ಮತ್ತು ಮುಖ. 1970ರ ದಶಕದ ಕೊನೆಯಿಂದ ಹಲವು ವರ್ಷ ನೆಸಲ್ ಅವರ ಮಾತನ್ನು ಟೇಪಿನಲ್ಲಿ ಹಿಡಿದಿಟ್ಟರು. ಆಮೇಲೆ ಸಿನಿಮಾದವರು ಬಂದರು. 1984ರಲ್ಲಿ ಗ್ರೆಟಾ ಶಿಲ್ಲರ್ ಮತ್ತು ರಾಬರ್ಟ್ ರೋಸೆನ್‌ಬರ್ಗ್ "ಬಿಫೋರ್ ಸ್ಟೋನ್‌ವಾಲ್" ಎಂಬ ಸಾಕ್ಷ್ಯಚಿತ್ರ ಮಾಡಿದರು. ಅದಕ್ಕೆ ಬೇಕಾದ ಸಂಶೋಧನೆಯ ಮುಂದಾಳು ಆಂಡ್ರಿಯಾ ವೈಸ್. ಸ್ಟೋನ್‌ವಾಲ್ ಎಂಬುದು ನ್ಯೂಯಾರ್ಕಿನ ಒಂದು ಪಾನಗೃಹ. 1969ರ ಜೂನ್ ತಿಂಗಳಲ್ಲಿ ಪೊಲೀಸರು ಅಲ್ಲಿಗೆ ದಾಳಿ ಮಾಡಿದಾಗ ಅಲ್ಲಿದ್ದ ಸಲಿಂಗಪ್ರೇಮಿಗಳು ಬಗ್ಗದೆ ಎದುರು ನಿಂತರು. ಅಲ್ಲಿಂದ ಒಂದು ದೊಡ್ಡ ಚಳವಳಿ ಹುಟ್ಟಿತು ಎಂದು ಎಲ್ಲರೂ ಹೇಳುವುದು. ಹಾಗಾದರೆ ಅದಕ್ಕೆ ಮೊದಲು ಈ ಜನ ಇರಲಿಲ್ಲವೋ? ಇದ್ದರೆ ಹೇಗೆ ಬಾಳಿದರು? ಆ ಚಿತ್ರ ಕೇಳಿದ ಪ್ರಶ್ನೆ ಇದು. 1920ರ ಹಾರ್ಲೆಮ್ ಕಂಡವರಾಗಿ ಮೇಬಲ್ ಹ್ಯಾಂಪ್ಟನ್ ಅದರಲ್ಲಿ ಮಾತಾಡಿದರು. ಮರು ವರ್ಷ ಲೂಸಿ ವೈನರ್ ನಿರ್ದೇಶನದ "ಸೈಲೆಂಟ್ ಪಯನಿಯರ್ಸ್" ಚಿತ್ರದಲ್ಲಿಯೂ ಕಾಣಿಸಿಕೊಂಡರು. ಅದು ಮುದಿಪ್ರಾಯಕ್ಕೆ ಬಂದ ಸಲಿಂಗಪ್ರೇಮಿಗಳ ಕುರಿತಾದ ಚಿತ್ರ. "ಬಿಫೋರ್ ಸ್ಟೋನ್‌ವಾಲ್" ಅನ್ನು 2019ರಲ್ಲಿ ಅಮೆರಿಕ ತನ್ನ ರಾಷ್ಟ್ರೀಯ ಚಲನಚಿತ್ರ ಪಟ್ಟಿಗೆ ಸೇರಿಸಿ, ಕಾಪಾಡಬೇಕಾದ ಚಿತ್ರ ಎಂದು ಗುರುತಿಸಿತು.

ಸಾಕ್ಷ್ಯಚಿತ್ರ ಎಂಬ ನಮ್ಮ ಕನ್ನಡ ಪದ ಎಷ್ಟು ಒಳ್ಳೆಯದು ನೋಡಿ. ಸಾಕ್ಷಿ ಹೇಳುವವನು ಕಣ್ಣಾರೆ ಕಂಡಿರಬೇಕು, ಹೆಸರು ಹೇಳಬೇಕು, ಹತ್ತು ಜನರ ಎದುರು ನಿಲ್ಲಬೇಕು. ಆ ಕಾಲದವರೆಗೆ ಈ ಜನರ ಕುರಿತು ಮಾತಾಡಿದವರು ಹೆಚ್ಚಾಗಿ ಬೇರೆಯವರು. ಪೊಲೀಸರು ಅಪರಾಧ ಅಂದರು. ವೈದ್ಯರು ಕಾಯಿಲೆ ಅಂದರು. ಅಮೆರಿಕದ ಮನೋವೈದ್ಯರ ಸಂಘ ಸಲಿಂಗಪ್ರೇಮವನ್ನು ಕಾಯಿಲೆಗಳ ಪಟ್ಟಿಯಿಂದ ತೆಗೆಯಲು ತೀರ್ಮಾನಿಸಿದ್ದೇ 1973ರಲ್ಲಿ. ಧರ್ಮಬೋಧಕರು ಪಾಪ ಅಂದರು. ಮೂವರೂ ಹೊರಗಿನ ಸಾಕ್ಷಿಗಳು. ಎಂಬತ್ತು ದಾಟಿದ ಒಬ್ಬ ಅಜ್ಜಿ ಕ್ಯಾಮೆರಾದ ಎದುರು ಕೂತು, ನಾವು ಬಾಡಿಗೆ ಕೋಣೆಗಳಲ್ಲಿ ಸೇರುತ್ತಿದ್ದೆವು, ಅಡುಗೆ ಮಾಡಿ ಉಂಡು, ಕುಣಿಯುತ್ತಿದ್ದೆವು ಎಂದು ಹೇಳುವಾಗ ಒಳಗಿನ ಸಾಕ್ಷಿ ಕಟಕಟೆ ಹತ್ತಿದ ಹಾಗೆ ಆಯಿತು. ಇಂಥವರು ಚಿಕ್ಕ ಪ್ರಾಯದಲ್ಲೇ ಹಾಳಾಗಿ ಹೋಗುತ್ತಾರೆ, ನೆಮ್ಮದಿಯಿಂದ ಮುದುಕರಾಗುವುದೇ ಇಲ್ಲ ಎಂದು ನಂಬಿದ್ದವರಿಗೆ ಆ ಬಿಳಿಕೂದಲೇ ಉತ್ತರ. ಅಂಥದೇ ಮನಸ್ಸಿರುವ, ಎಲ್ಲಿಯೋ ಒಂಟಿಯಾಗಿ ಹೆದರಿ ಕೂತಿರುವ ಹುಡುಗಿಗೆ ಆ ಅಜ್ಜಿಯನ್ನು ಕಂಡಾಗ ಏನು ಅನಿಸೀತು ಎಂದು ಯೋಚಿಸಿ. ತನಗೂ ಒಂದು ಮುದಿಪ್ರಾಯ ಇರಬಹುದು ಎಂದು ಆಕೆಗೆ ಅನಿಸಿದರೆ ಅಷ್ಟೇ ಸಾಕಲ್ಲವೋ?

1984ರಲ್ಲಿ ನ್ಯೂಯಾರ್ಕಿನ ಒಂದು ದೊಡ್ಡ ಸಭೆಯಲ್ಲಿ ಮೇಬಲ್ ವೇದಿಕೆ ಹತ್ತಿದರು. ಪ್ರಾಯ 82. ತಾನು ಇಡೀ ಜೀವಮಾನ ಹೀಗೆಯೇ ಇದ್ದವಳು, ತನ್ನ ಬಗ್ಗೆಯೂ ತನ್ನ ಜನರ ಬಗ್ಗೆಯೂ ತನಗೆ ಹೆಮ್ಮೆ ಉಂಟು ಎಂದರು. ತನ್ನ ಎರಡೂ ಜನಕ್ಕೆ, ಸಲಿಂಗಪ್ರೇಮಿಗಳಿಗೂ ಕಪ್ಪು ಜನರಿಗೂ, ಈ ದೇಶದಲ್ಲಿಯೂ ಲೋಕದಲ್ಲಿಯೂ ಬಿಡುಗಡೆ ಆಗಬೇಕು ಎಂದರು. ಮರು ವರ್ಷದ ಮೆರವಣಿಗೆಯಲ್ಲಿ ಅವರನ್ನೇ ಮುಂದೆ ನಿಲ್ಲಿಸಿ ಗೌರವಿಸಿದರು. 1989ರ ಅಕ್ಟೋಬರ್ ತಿಂಗಳಲ್ಲಿ ತೀರಿಕೊಂಡರು.

ಇನ್ನು ಎದುರು ಮಾತುಗಳನ್ನು ನೋಡಬೇಕು. ನೋಡದಿದ್ದರೆ ನನ್ನದೂ ಅರ್ಥಧಾರಿ ಬಾರದ ಪ್ರಸಂಗ ಆದೀತು.

ಮೊದಲನೆಯದು: "ಇದೆಲ್ಲ ಮನೆಯೊಳಗಿನ ಮಾತು, ಮನೆಯೊಳಗೇ ಇರಲಿ. ಚರಿತ್ರೆಗೆ ಯಾಕೆ ಎಳೆಯಬೇಕು?" ಕೇಳಲು ನ್ಯಾಯವಾಗಿಯೇ ಉಂಟು. ಆದರೆ ನಮ್ಮ ಮನೆಯೊಳಗಿನ ಮಾತನ್ನು ನಾವು ಏನು ಮಾಡುತ್ತೇವೆ? ಇಂಥವರ ಮಗನಿಗೂ ಇಂಥವರ ಮಗಳಿಗೂ ಮದುವೆ ಎಂದು ಸಾವಿರ ಕಾಗದ ಅಚ್ಚು ಹಾಕಿಸಿ ಊರೆಲ್ಲ ಹಂಚುತ್ತೇವೆ. ಓಲಗ ಊದಿಸುತ್ತೇವೆ. ಆಲ್ಬಂ ಮಾಡಿಸಿ, ಬಂದ ಬಂದ ನೆಂಟರ ಮಡಿಲಿಗೆ ಹಾಕುತ್ತೇವೆ. ಪಂಚಾಯತಿನಲ್ಲಿ ನೋಂದಣಿ ಮಾಡಿಸುತ್ತೇವೆ. ನಮ್ಮ ಪ್ರೀತಿ ಊರ ಸಂಗತಿ, ಅವರ ಪ್ರೀತಿ ಮಾತ್ರ ಮನೆಯೊಳಗಿನದ್ದು ಎಂದರೆ ತಕ್ಕಡಿ ಸರಿಯಾಗಿ ತೂಗುವುದಿಲ್ಲ. ಮೇಬಲ್ ಮತ್ತು ಲಿಲಿಯನ್ ಅವರ 46 ವರ್ಷಕ್ಕೆ ಯಾವ ಕಚೇರಿಯ ಪುಸ್ತಕದಲ್ಲಿಯೂ ಒಂದು ಗೆರೆ ಇಲ್ಲ. ನ್ಯೂಯಾರ್ಕಿನಲ್ಲಿ ಇಂಥ ಮದುವೆಗೆ ಕಾನೂನಿನ ಒಪ್ಪಿಗೆ ಬಂದದ್ದು 2011ರಲ್ಲಿ, ಇಬ್ಬರೂ ಹೋದ ಎಷ್ಟೋ ವರ್ಷದ ಮೇಲೆ. ಅವರು ಇಟ್ಟುಕೊಂಡ ಪತ್ರ, ಕಾರ್ಡುಗಳೇ ಅವರ ನೋಂದಣಿ ಪುಸ್ತಕ. ಅದನ್ನೂ ಸುಟ್ಟುಬಿಡಿ ಎನ್ನುವುದು ನ್ಯಾಯವೋ?

ಎರಡನೆಯದು: "ಹೀಗೆ ಎಲ್ಲವನ್ನೂ ಎತ್ತಿ ಹಿಡಿದರೆ ಮಕ್ಕಳು ಏನು ಕಲಿತಾರು?" ಮಾಸ್ತರರೂ ಟೀಚರುಗಳೂ ಕೇಳುವ ಮಾತು ಇದು. ಒಬ್ಬರ ಬದುಕನ್ನು ಬರೆದಿಡುವುದೆಂದರೆ ಎಲ್ಲರೂ ಹಾಗೆಯೇ ಬಾಳಿ ಎಂದು ಪಾಠ ಮಾಡುವುದಲ್ಲ. ಮೇಬಲ್ ಅವರ ಕತೆಯಿಂದ ಮಗು ಕಲಿಯುವುದಾದರೆ ಏನನ್ನು? ತಾಯಿ ಇಲ್ಲದೆ ಬೆಳೆದು, ಹಿಂಸೆ ಸಹಿಸಿ, ಸುಳ್ಳು ಆರೋಪದಲ್ಲಿ ಜೈಲು ಕಂಡು, ಇನ್ನೊಬ್ಬರ ನೆಲ ಒರೆಸಿ, ಆದರೂ ಯಾರಿಗೂ ಕೇಡು ಮಾಡದೆ, ಒಬ್ಬರನ್ನೇ 46 ವರ್ಷ ಕೈಬಿಡದೆ ಬಾಳಿದ್ದು. ಇದು ಕೆಟ್ಟ ಪಾಠ ಎಂದು ಹೇಳಲು ನನಗಂತೂ ಬಾಯಿ ಬರುವುದಿಲ್ಲ. ಮುಚ್ಚಿಟ್ಟರೂ ಮಕ್ಕಳು ಒಂದು ಪಾಠವನ್ನು ಕಲಿತೇ ಕಲಿಯುತ್ತಾರೆ: ಊರಿಗೆ ಹಿಡಿಸದವರನ್ನು ಇಲ್ಲವೆಂದೇ ಮಾಡಿಬಿಡಬಹುದು ಅಂತ.

ಮೂರನೆಯದು ಎಲ್ಲಕ್ಕಿಂತ ಕಷ್ಟದ ಮಾತು. ಅದನ್ನು ಎತ್ತಿದವರು ನೆಸಲ್ ಅವರೇ. ಮೇಬಲ್ ಕಪ್ಪು ಜನಾಂಗದ ಬಡ ಕೆಲಸಗಾರ್ತಿ. ನೆಸಲ್ ಬಿಳಿಯರು, ಕೆಲಸ ಕೊಟ್ಟ ಮನೆಯ ಮಗಳು. ಟೇಪ್ ರೆಕಾರ್ಡರ್ ಇರುವುದು ನೆಸಲ್ ಕೈಯಲ್ಲಿ, ಬರೆಯುವ ಕೈಯೂ ಅವರದು. ಎಷ್ಟು ಪ್ರೀತಿ ಇದ್ದರೂ ಒಡತಿಯ ಮಗಳು ಆಳಿನ ಕತೆ ಹೇಳುವಾಗ ಅದು ಯಾರ ಕತೆ ಆಗುತ್ತದೆ? 1992ರಲ್ಲಿ ನೆಸಲ್ ಮೇಬಲ್ ಅವರ ಕುರಿತು ನ್ಯೂಯಾರ್ಕಿನಲ್ಲಿ ಒಂದು ಉಪನ್ಯಾಸ ಕೊಟ್ಟರು. ಅದರ ಶೀರ್ಷಿಕೆಯಲ್ಲೇ, ಇದು ಬಿಳಿಯ ಹೆಂಗಸೊಬ್ಬಳು ಹೇಳಿದ ಮೇಬಲ್ ಹ್ಯಾಂಪ್ಟನ್ ಬದುಕು ಎಂದು ಸ್ಪಷ್ಟವಾಗಿ ಸೇರಿಸಿದರು. ಹೇಳುವವಳು ಎಲ್ಲಿ ನಿಂತು ಹೇಳುತ್ತಿದ್ದಾಳೆ ಎಂದು ಕೇಳುವವರಿಗೆ ಗೊತ್ತಿರಲಿ ಎಂಬ ಮರ್ಯಾದೆ ಅದು. ಇನ್ನೊಂದು ಸಣ್ಣ ವಿಷಯ. ಆ ದೇಶದಲ್ಲಿ ಬಿಳಿಯರು ಕಪ್ಪು ಕೆಲಸಗಾರ್ತಿಯರನ್ನು, ಎಷ್ಟು ಪ್ರಾಯವಾದವರಾದರೂ, ಬರೀ ಹೆಸರು ಹಿಡಿದು ಕೂಗುವುದು ರೂಢಿ. ನೆಸಲ್ ತಮ್ಮ ಬರಹದಲ್ಲಿ "ಮಿಸ್ ಹ್ಯಾಂಪ್ಟನ್" ಎಂದು ಗೌರವ ಸೇರಿಸಿಯೇ ಬರೆದರು. ಕೆಲಸದವರನ್ನು ನಾವು ಯಾವ ವಚನದಲ್ಲಿ ಕರೆಯುತ್ತೇವೆ ಎಂದು ನಮ್ಮ ನಮ್ಮ ಮನೆಯ ಅಂಗಳದಲ್ಲಿ ನಿಂತು ಕೇಳಿಕೊಂಡರೆ ಇದರ ಬೆಲೆ ಗೊತ್ತಾಗುತ್ತದೆ. ಈ ಲೇಖನದಲ್ಲಿ ನಾನು ಉದ್ದಕ್ಕೂ ಮೇಬಲ್ ಅವರಿಗೆ ಬಹುವಚನ ಹಾಕಿದ್ದೂ ಅದಕ್ಕೇ.

ಮೂರನೆಯ ಈ ಮಾತು ಇಷ್ಟಕ್ಕೇ ತೀರಿತು ಎಂದು ನಾನು ಹೇಳುವುದಿಲ್ಲ. ಗೌರವದ ಮಾತು ಸೇರಿಸಿದ ಮಾತ್ರಕ್ಕೆ ಒಡತಿ-ಆಳಿನ ಅಂತರ ಅಳಿಯುವುದಿಲ್ಲ. ಆದರೆ ಇಲ್ಲಿ ಒಂದು ಕಾವಲು ಉಂಟು: ಕಾಗದ ಉಳಿದಿದೆ, ಟೇಪೂ ಉಳಿದಿದೆ. ನೆಸಲ್ ಹೇಳಿದ್ದು ಸರಿಯೋ ಎಂದು ಮುಂದಿನವರು ಮೇಬಲ್ ಅವರ ಸ್ವಂತ ಮಾತಿಗೇ ಹೋಗಿ ಕೇಳಬಹುದು. ಕೇಳಿದ್ದಾರೆ ಕೂಡ. ಕಪ್ಪು ಜನಾಂಗದ ವಿದ್ವಾಂಸೆ ಸೈದಿಯಾ ಹಾರ್ಟ್‌ಮನ್ 2019ರಲ್ಲಿ ಪ್ರಕಟಿಸಿದ ಪುಸ್ತಕದಲ್ಲಿ ಆ ಕಾಲದ ಬಡ ಕಪ್ಪು ಹುಡುಗಿಯರ ಬದುಕನ್ನು ಬರೆದಿದ್ದಾರೆ. ಪೊಲೀಸರೂ ಜೈಲಿನವರೂ ಬರೆದಿಟ್ಟ ಕಡತಗಳನ್ನು ಆ ಹುಡುಗಿಯರ ಪಕ್ಕ ನಿಂತು ಓದುವ ಪುಸ್ತಕ ಅದು. ಮೇಬಲ್ ಹ್ಯಾಂಪ್ಟನ್ ಅಲ್ಲಿಯೂ ಬರುತ್ತಾರೆ. ಒಬ್ಬರು ಹೇಳಿದ ಅರ್ಥವನ್ನು ಇನ್ನೊಬ್ಬರು ಬಿಡಿಸಿ ನೋಡಬಹುದಾದರೆ, ಹೇಳಿದವರ ಹಿಡಿತ ಅಷ್ಟರ ಮಟ್ಟಿಗೆ ಸಡಿಲವಾಗುತ್ತದೆ.

ಹಾಗಾದರೆ ಮಾತಾಡದೆ ಉಳಿದವರು? ಮುಖ ತೋರಿಸದವರು? ಅವರನ್ನು ಹೇಡಿಗಳು ಎನ್ನಬೇಕೋ? ಖಂಡಿತ ಬಾರದು. ಕೆಲಸ ಹೋದೀತು, ಮನೆಯಿಂದ ಹೊರಗೆ ಹಾಕಿಯಾರು, ಪೆಟ್ಟು ಬಿದ್ದೀತು ಎಂದು ಗೊತ್ತಿರುವವರು ಸುಮ್ಮನಿರುವುದು ವಿವೇಕ. "ಬಿಫೋರ್ ಸ್ಟೋನ್‌ವಾಲ್" ಚಿತ್ರ ಮಾಡಿದವರಿಗೆ ಇದು ಗೊತ್ತಿತ್ತು. ಹಳೆಯ ಫೋಟೋಗಳಲ್ಲಿಯೂ ಚಿತ್ರದ ತುಣುಕುಗಳಲ್ಲಿಯೂ ಕಾಣುವ ಜನರನ್ನು, ಅವರಾಗಿಯೇ ಹೇಳದ ಹೊರತು, ಸಲಿಂಗಪ್ರೇಮಿಗಳೆಂದಾಗಲಿ ಅಲ್ಲವೆಂದಾಗಲಿ ಊಹಿಸಬಾರದು ಎಂಬ ಅರ್ಥದ ಸೂಚನೆಯನ್ನು ಅವರು ಚಿತ್ರದ ಆರಂಭದಲ್ಲೇ ಹಾಕಿದರು. ಇದು ಬಹಳ ದೊಡ್ಡ ನೀತಿ ಎಂದು ನನಗೆ ಕಾಣುತ್ತದೆ. ಒಬ್ಬರು ತಮ್ಮ ಬಾಯಿಂದ ತಮ್ಮ ಗುಟ್ಟು ಹೇಳುವುದು ಸಾಕ್ಷಿ. ಅದೇ ಗುಟ್ಟನ್ನು ಇನ್ನೊಬ್ಬರು ಹೇಳಿದರೆ ಅದು ಚಾಡಿ. ವಿಷಯ ನಿಜವೇ ಆಗಿದ್ದರೂ ಚಾಡಿ ಚಾಡಿಯೇ.

ನಮ್ಮ ದೇಶದಲ್ಲಿಯೂ ಈ ಮಾತು ಈಗ ಪರದೇಶದ್ದಾಗಿ ಉಳಿದಿಲ್ಲ. ಪ್ರಾಯಕ್ಕೆ ಬಂದ ಇಬ್ಬರು ಒಪ್ಪಿ ನಡೆಸುವ ಸಲಿಂಗ ಸಂಬಂಧ ಅಪರಾಧವಲ್ಲ ಎಂದು ಸುಪ್ರೀಂ ಕೋರ್ಟು 2018ರ ಸೆಪ್ಟೆಂಬರ್ 6ರಂದು ತೀರ್ಪು ಕೊಟ್ಟಿತು. ಅದಕ್ಕೆ ಮೊದಲು ನೂರೈವತ್ತಕ್ಕೂ ಹೆಚ್ಚು ವರ್ಷ, ಬ್ರಿಟಿಷರು ಬರೆದಿಟ್ಟ 377ನೇ ಕಲಮಿನ ನೆರಳಿನಲ್ಲಿ ಇಂಥವರು ಬಾಳಬೇಕಾಗಿತ್ತು. ಬೆಂಗಳೂರಿನ ರಾಷ್ಟ್ರೀಯ ಕಾನೂನು ಶಾಲೆಯಲ್ಲಿ "ಕಮ್ರಾ" ಎಂಬ ಸಂಗ್ರಹ ಉಂಟು. ಸಾಕ್ಷ್ಯಚಿತ್ರ ಮಾಡುವ ಟಿ. ಜಯಶ್ರೀ ಅವರು ವರ್ಷಗಟ್ಟಲೆ ಚಿತ್ರೀಕರಿಸಿ ಇಟ್ಟಿದ್ದ ಸಾಮಗ್ರಿಯಿಂದ ಬೆಳೆದದ್ದು ಅದು. ಇಂಥ ಬದುಕುಗಳ ಮಾತು, ಪತ್ರ, ಚಿತ್ರಗಳನ್ನು ಅಲ್ಲಿ ಕಾಯುತ್ತಾರೆ. ನ್ಯೂಯಾರ್ಕಿನ ಒಂದು ಬಾಡಿಗೆ ಮನೆಯಲ್ಲಿ ಶುರುವಾದ ಕೆಲಸಕ್ಕೂ ಇದಕ್ಕೂ ನೇರ ಸಂಬಂಧ ಇರಬೇಕೆಂದಿಲ್ಲ. ಒಂದೇ ಹಸಿವು ಎರಡು ಕಡೆ ಅಡುಗೆ ಮಾಡಿಸಿತು ಅಷ್ಟೆ.

ಗಡಿಯ ಈಚೆ ಉಳಿದ ನಮಗೆ ಈ ಹಸಿವು ಸ್ವಲ್ಪ ಬೇಗ ಅರ್ಥವಾಗಬೇಕು. 1956ರ ನವೆಂಬರ್ 1ರಿಂದ ನಾವು ಕೇರಳದವರಾದೆವು, ಭಾಷೆ ಕನ್ನಡವಾಗಿಯೇ ಉಳಿಯಿತು. ಆಚೆಯ ಪುಸ್ತಕದಲ್ಲಿ ನಾವು ಹೊರಗಿನವರು, ಈಚೆಯ ಪುಸ್ತಕದಲ್ಲಿ ಅಡಿಟಿಪ್ಪಣಿ. ನಮ್ಮ ಸಂಗತಿಯನ್ನು ನಾವೇ ಬರೆದು ಅಚ್ಚು ಹಾಕಿಸದಿದ್ದರೆ ಬೇರೆ ಯಾರೂ ಹಾಕಿಸುವುದಿಲ್ಲ ಎಂದು ಗೊತ್ತಾಗಿಯೇ ಇಂಥ ವಾಚನಾಲಯಗಳು ಇಂಥ ಸಂಕಲನಗಳನ್ನು ತರುತ್ತಿರುವುದು. ನಮ್ಮ ಕಷ್ಟವೂ ಮೇಬಲ್ ಅವರ ಕಷ್ಟವೂ ಒಂದೇ ಎಂದು ನಾನು ಹೇಳುತ್ತಿಲ್ಲ. ಕನ್ನಡ ಮಾತಾಡಿದ್ದಕ್ಕೆ ನಮ್ಮನ್ನು ಯಾರೂ ಜೈಲಿಗೆ ಹಾಕಲಿಲ್ಲ. ಆದರೆ ಪುಸ್ತಕದ ಹೊರಗೆ ಉಳಿದವರಿಗೆ, ತಮ್ಮ ಪುಸ್ತಕದ ಹೊರಗೆ ಯಾರನ್ನು ಉಳಿಸಿದ್ದೇವೆ ಎಂದು ನೋಡುವ ಹೊಣೆ ಇನ್ನೂ ಸ್ವಲ್ಪ ಹೆಚ್ಚು.

ಮೊದಲಿನ ಪ್ರಶ್ನೆಗೆ ನನಗೆ ತೋಚಿದ ಉತ್ತರ ಇಷ್ಟು. ಯಾರ ಬದುಕು ಯೋಗ್ಯ ಎಂದು ಆರಿಸುವ ಕೆಲಸ ಕಾಗದ ಕಾಯುವವರದಲ್ಲ. ಯಾರು ಕೊಡಲು ಸಿದ್ಧರೋ ಅವರದ್ದೆಲ್ಲ ತೆಗೆದಿಡಬೇಕು; ಬೀಡಿ ಬ್ರಾಂಚಿನ ಪುಸ್ತಕವಾದರೂ, ರೇಷನ್ ಕಾರ್ಡಾದರೂ, ಇಬ್ಬರು ಗೆಳತಿಯರು ಪೇಟೆಗೆ ಹೋಗಿ ತೆಗೆಸಿಕೊಂಡ ಫೋಟೋ ಆದರೂ. ಕೊಡಲು ಮನಸ್ಸಿಲ್ಲದವರ ಪೆಟ್ಟಿಗೆಯನ್ನು ಮುಟ್ಟಬಾರದು, ಅವರು ಸತ್ತ ಮೇಲೆಯೂ ಕೆದಕಿ ಊಹಿಸಿ ಬರೆಯಬಾರದು. ಬರೆಯುವವರು ತಾವು ಯಾರು, ಎಲ್ಲಿ ನಿಂತವರು ಎಂದು ಮೊದಲೇ ಹೇಳಬೇಕು. ಮೇಬಲ್ ಹ್ಯಾಂಪ್ಟನ್ ಅವರ ಕಾಗದಗಳು ಇಂದು ಎಲ್ಲರಿಗೂ ಸಿಗುತ್ತಿರುವುದು ಅವರು ತಾವಾಗಿ ಕೊಟ್ಟದ್ದರಿಂದ. ಯಾರೂ ಕದ್ದು ತಂದದ್ದಲ್ಲ.

ಮಾಸ್ತರರಲ್ಲಿಯೂ ಟೀಚರಮ್ಮಂದಿರಲ್ಲಿಯೂ ಒಂದು ಮಾತು. ಬರುವ ರಜೆಯಲ್ಲಿ ಸ್ಥಳೀಯ ಚರಿತ್ರೆ ಬರೆದು ತರಲು ಮಕ್ಕಳನ್ನು ಕಳಿಸುವುದಿದ್ದರೆ, ಮೊಕ್ತೇಸರರ ಮನೆಗೆ ಒಬ್ಬರು ಸಾಕು. ಉಳಿದವರನ್ನು, ಯಾರೂ ಹೋಗದ ಮನೆಗಳಿಗೆ ಕಳಿಸಿ. ಹೋದ ಮಕ್ಕಳು ಪುಸ್ತಕ ಬಿಡಿಸುವ ಮೊದಲು ಒಂದು ಪ್ರಶ್ನೆ ಕೇಳಲಿ: "ಅಜ್ಜೀ, ಯಾವುದನ್ನು ಬರೆಯಬಹುದು, ಯಾವುದನ್ನು ಬರೆಯಬಾರದು?" ಅಜ್ಜಿ ಹೇಳಿದ್ದನ್ನು ಅಜ್ಜಿಯ ಮಾತಿನಲ್ಲಿಯೇ ಬರೆದು ತರಲಿ. ವ್ಯಾಕರಣವನ್ನು ನಾವು ಆಮೇಲೆ ನೋಡಿಕೊಳ್ಳುವ.